ತಾಲ್ಲೂಕುಗಳಿಗೆ ಆಣೆವಾರಿ ಹಾಕಿದ ಅರ್ಥಶಾಸ್ತ್ರಜ್ಞ

ಬರ ಬಿದ್ದ ವರ್ಷ ಕಂದಾಯ ಇಲಾಖೆಯವರು ಊರಿಗೆ ಬಂದು ಬೆಳೆಯ ಆಣೆವಾರಿ ಹಾಕುತ್ತಿದ್ದುದು ನಿಮ್ಮಲ್ಲಿ ಹಿರಿಯರಿಗೆ ನೆನಪಿರಬಹುದು. ಹದಿನಾರಾಣೆ ಎಂದರೆ ತುಂಬು ಬೆಳೆ. ಎಂಟಾಣೆ ಎಂದರೆ ಅರ್ಧ. ನಾಲ್ಕಾಣೆಗೆ ಇಳಿಯಿತೆಂದರೆ ಬಂದ ಕಾಳು ಮುಂದಿನ ಬಿತ್ತನೆಗೂ ಸಾಲದು. ಕಾಗದದ ಮೇಲೆ ಎಷ್ಟು ಆಣೆ ಬರೆದರೆಂಬುದರ ಮೇಲೆ ಕಂದಾಯದ ರಿಯಾಯಿತಿ, ಸಾಲದ ವಾಯಿದೆ ಎಲ್ಲವೂ ನಿಂತಿರುತ್ತಿತ್ತು. ಹೊಲದ ಬದುವಿನ ಮೇಲೆ ನಿಂತು ಬರೆಯುವವನಿಗೆ ಅದೊಂದು ಅಂಕಿ. ಹೊಲದವನಿಗೆ ಅದು ವರ್ಷದ ಅನ್ನ.

2002ನೇ ಇಸವಿಯಲ್ಲಿ ಒಬ್ಬ ಅರ್ಥಶಾಸ್ತ್ರಜ್ಞರು ಹೆಚ್ಚುಕಡಿಮೆ ಇದೇ ಕೆಲಸವನ್ನು ಒಂದೊಂದು ತಾಲ್ಲೂಕಿಗೂ ಮಾಡಿ ಮುಗಿಸಿದರು. ರಾಜ್ಯದಲ್ಲಿ ಆಗ ಇದ್ದ 175 ತಾಲ್ಲೂಕುಗಳಲ್ಲಿ ಯಾವುದು ಎಷ್ಟು ಮುಂದೆ, ಯಾವುದು ಎಷ್ಟು ಹಿಂದೆ ಎಂದು ಅಳೆದು, ಪ್ರತಿಯೊಂದರ ಮುಂದೂ ಒಂದು ಅಂಕಿ ಬರೆದರು. ನಿಮ್ಮ ತಾಲ್ಲೂಕಿನ ಹೆಸರಿನ ಮುಂದೆಯೂ ಒಂದು ಅಂಕಿ ಇದೆ. ಅದನ್ನು ಬರೆಸಿದವರು ಡಾ. ಡಿ. ಎಂ. ನಂಜುಂಡಪ್ಪನವರು.

ವಿಜಯಪುರದ ಕಡೆಯ ಒಂದು ಹಳ್ಳಿಯ ವಾಚನಾಲಯದಲ್ಲಿ ಕುಳಿತಿದ್ದಾಗ ವಯಸ್ಸಾದ ರೈತರೊಬ್ಬರು ಪತ್ರಿಕೆ ಮಡಿಚಿಟ್ಟು ನನ್ನನ್ನು ಕೇಳಿದರು: “ಇಪ್ಪತ್ತು ವರ್ಷದ ಮ್ಯಾಲಾತು ನೋಡ್ರಿ ಈ ನಂಜುಂಡಪ್ಪ ಅನ್ನೋ ಹೆಸರ ಕೇಳಾಕತ್ತು. ಎಲೆಕ್ಷನ್ ಬಂದಾಗೊಮ್ಮೆ ಎಲ್ಲಾರೂ ಅಂತಾರ. ಇದು ಮನಷ್ಯಾನ ಹೆಸರೇನ್ರಿ, ಸ್ಕೀಮಿನ ಹೆಸರೇನ್ರಿ?” ಪಕ್ಕದಲ್ಲಿದ್ದವರು ನಕ್ಕರು. ನನಗೆ ನಗು ಬರಲಿಲ್ಲ. ಒಬ್ಬ ಮನುಷ್ಯನ ಜೀವಮಾನದ ಕೆಲಸ ಹೀಗೆ ಬರಿಯ ಘೋಷಣೆಯಾಗಿಬಿಟ್ಟರೆ, ಆ ಕೆಲಸ ಏನು ಹೇಳಿತೆಂಬುದೇ ಮರೆತುಹೋಗುತ್ತದೆ. ಅದು ಮರೆತುಹೋಗುವುದರಿಂದ ನಷ್ಟ ಯಾರಿಗೆ ಎಂಬುದನ್ನು ನೀವೇ ಯೋಚಿಸಿ.

ಸಲಹೆಗಾರನ ಕೆಲಸವೆಂದರೇನು?

ನಂಜುಂಡಪ್ಪನವರು ಮೂಲತಃ ಮೇಷ್ಟ್ರು. ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದಲ್ಲಿ ಅರ್ಥಶಾಸ್ತ್ರ ಕಲಿಸಿದವರು. ರಸ್ತೆಗೆ ಹಣ ಎಲ್ಲಿಂದ ಬರಬೇಕು, ರಸ್ತೆ ಬಳಸುವವರಿಂದ ತೆರಿಗೆ ಹೇಗೆ ಪಡೆಯಬೇಕು ಎಂಬ ವಿಷಯದ ಮೇಲೆ ಪುಸ್ತಕ ಬರೆದವರು. ಆಮೇಲೆ ರಾಜ್ಯ ಸರ್ಕಾರದ ಆರ್ಥಿಕ ಸಲಹೆಗಾರರಾದರು, ಯೋಜನಾ ಇಲಾಖೆಯ ಕಾರ್ಯದರ್ಶಿಯಾದರು. ಕರ್ನಾಟಕ ವಿಶ್ವವಿದ್ಯಾಲಯಕ್ಕೂ ಬೆಂಗಳೂರು ವಿಶ್ವವಿದ್ಯಾಲಯಕ್ಕೂ ಕುಲಪತಿಗಳಾಗಿದ್ದರು. ರಾಜ್ಯ ಯೋಜನಾ ಮಂಡಳಿಯ ಉಪಾಧ್ಯಕ್ಷರೂ ಆದರು. ಪಾಠದ ಕೋಣೆಗೂ ವಿಧಾನಸೌಧಕ್ಕೂ ನಡುವೆ ಹೀಗೆ ಮತ್ತೆ ಮತ್ತೆ ಓಡಾಡಿದವರು ನಮ್ಮಲ್ಲಿ ಹೆಚ್ಚು ಮಂದಿಯಿಲ್ಲ.

ಆರ್ಥಿಕ ಸಲಹೆಗಾರ ಎಂದರೆ ದೊಡ್ಡ ಅಧಿಕಾರ ಎಂದು ನಿಮಗೆ ಅನಿಸಬಹುದು. ಅದು ಹಾಗಲ್ಲ. ಅವರು ಒಂದು ರೂಪಾಯಿಯನ್ನೂ ಮಂಜೂರು ಮಾಡಲಾರರು. ಕಾಲುವೆ ತೋಡಿಸಲಾರರು, ಒಬ್ಬ ಮೇಷ್ಟ್ರನ್ನು ನೇಮಿಸಲಾರರು. ಹಿಂದೆ ಊರಿನ ಶಾನುಭೋಗರಿದ್ದರಲ್ಲ, ಉತ್ತರದ ಕಡೆಯವರು ಕುಲಕರ್ಣಿ ಎನ್ನುತ್ತಿದ್ದರು, ಅವರ ಸ್ಥಿತಿಯನ್ನು ನೆನೆಸಿಕೊಳ್ಳಿ. ಊರಿನ ಪ್ರತಿ ತುಂಡು ಜಮೀನಿನ ಲೆಕ್ಕ ಅವರ ಪುಸ್ತಕದಲ್ಲಿತ್ತು, ಆದರೆ ಲೆಕ್ಕ ಬರೆದ ಮಾತ್ರಕ್ಕೆ ಜಮೀನು ಅವರದಾಗುತ್ತಿರಲಿಲ್ಲ. ಸಲಹೆಗಾರನ ಕೈಯಲ್ಲಿ ಇರುವುದೂ ಅಷ್ಟೇ: ಅಂಕಿ ಅಂಶ, ಅದನ್ನು ಜೋಡಿಸುವ ರೀತಿ, ಮತ್ತು ಮಂತ್ರಿಗಳ ಮುಂದೆ ಅದನ್ನು ಇಡುವ ಧೈರ್ಯ. ಮಂತ್ರಿಮಂಡಲ ಒಪ್ಪಬೇಕು, ಹಣಕಾಸು ಇಲಾಖೆ ತಲೆಯಾಡಿಸಬೇಕು, ಬಜೆಟ್ಟಿನಲ್ಲಿ ಮೊತ್ತ ಕಾಣಬೇಕು, ಇಲಾಖೆಗೆ ಹಣ ಬಿಡುಗಡೆಯಾಗಬೇಕು, ಕಡೆಗೆ ತಾಲ್ಲೂಕಿನಲ್ಲಿ ಕೆಲಸ ನಡೆಯಬೇಕು. ಇಷ್ಟು ಬಾಗಿಲುಗಳನ್ನು ದಾಟಿದ ಮೇಲೆಯೇ ಸಲಹೆ ಎಂಬುದು ನಿಮ್ಮ ಹೊಲದ ದಾರಿಗೆ ಜಲ್ಲಿಯಾಗಿ ಬೀಳುವುದು.

ಸಮಿತಿ ಏಕೆ ಬಂತು?

1956ರಲ್ಲಿ ಕನ್ನಡ ನಾಡು ಒಂದಾದಾಗ ಒಂದೇ ಸಮನಾದ ಪ್ರದೇಶಗಳು ಬಂದು ಸೇರಲಿಲ್ಲ. ಹಳೆಯ ಮೈಸೂರು ಸಂಸ್ಥಾನದಲ್ಲಿ ವಿದ್ಯುತ್ತು, ಕಾರ್ಖಾನೆ, ಕಾಲೇಜು ಮೊದಲೇ ಬಂದಿದ್ದವು. ನಿಜಾಮರ ಆಳ್ವಿಕೆಯಲ್ಲಿದ್ದ ಬೀದರ, ಗುಲ್ಬರ್ಗಾ, ರಾಯಚೂರು ಜಿಲ್ಲೆಗಳಿಗೆ ಶಾಲೆಗಳೇ ತಡವಾಗಿ ಬಂದವು. ಮುಂಬಯಿ ಪ್ರಾಂತದಿಂದ ಬಂದ ಜಿಲ್ಲೆಗಳದು ಇನ್ನೊಂದು ಕಥೆ. ಆಮೇಲಿನ ನಾಲ್ಕು ದಶಕಗಳಲ್ಲಿ “ನಮ್ಮ ಕಡೆ ಏನೂ ಆಗಿಲ್ಲ” ಎಂಬ ಮಾತು ಉತ್ತರದಿಂದ ಬರುತ್ತಲೇ ಇತ್ತು. ಹೈದರಾಬಾದ್ ಕರ್ನಾಟಕಕ್ಕಾಗಿ ಒಂದು ಅಭಿವೃದ್ಧಿ ಮಂಡಳಿಯ ಕಾಯಿದೆ 1991ರಲ್ಲಿ ಬಂತು. ಆದರೂ ದೂರು ನಿಲ್ಲಲಿಲ್ಲ.

ದೂರು ನಿಲ್ಲದಿದ್ದುದಕ್ಕೆ ಒಂದು ಕಾರಣ ಅಳತೆ ಇಲ್ಲದಿದ್ದುದು. ಉತ್ತರದವರು ಉತ್ತರ ಹಿಂದುಳಿದಿದೆ ಎಂದರೆ, ದಕ್ಷಿಣದವರು ಪಾವಗಡವನ್ನು ನೋಡಿ, ಎಚ್.ಡಿ. ಕೋಟೆಯನ್ನು ನೋಡಿ ಎನ್ನುತ್ತಿದ್ದರು. ಇಬ್ಬರ ಮಾತೂ ನಿಜವೇ. ಆದರೆ ಯಾರದು ಎಷ್ಟು ನಿಜ? ಜಿಲ್ಲೆಯ ಸರಾಸರಿ ತೆಗೆದರೆ ಉತ್ತರ ಸಿಕ್ಕುವುದಿಲ್ಲ. ಜಿಲ್ಲಾ ಕೇಂದ್ರದ ಬ್ಯಾಂಕು, ಆಸ್ಪತ್ರೆ, ಕಾಲೇಜುಗಳೆಲ್ಲ ಲೆಕ್ಕಕ್ಕೆ ಸೇರಿ ಇಡೀ ಜಿಲ್ಲೆ ಸುಖವಾಗಿದೆ ಎಂಬಂತೆ ಕಾಣುತ್ತದೆ. ಒಂದು ಎಕರೆ ತೋಟ, ಒಂಬತ್ತು ಎಕರೆ ಬರಡು ಇರುವವನ ಜಮೀನಿಗೆ ಸರಾಸರಿ ಇಳುವರಿ ಬರೆದಂತೆ.

2000ದ ಅಕ್ಟೋಬರಿನಲ್ಲಿ ಎಸ್. ಎಂ. ಕೃಷ್ಣ ಅವರ ಸರ್ಕಾರ ಪ್ರಾದೇಶಿಕ ಅಸಮಾನತೆ ನಿವಾರಣೆಗೆ ಒಂದು ಉನ್ನತಾಧಿಕಾರ ಸಮಿತಿಯನ್ನು ನೇಮಿಸಿ ನಂಜುಂಡಪ್ಪನವರನ್ನು ಅಧ್ಯಕ್ಷರನ್ನಾಗಿ ಮಾಡಿತು. 2002ರ ಜೂನ್ ತಿಂಗಳಲ್ಲಿ ಅವರು ವರದಿ ಒಪ್ಪಿಸಿದರು.

ಅಳೆದದ್ದು ಹೇಗೆ?

ಈ ಭಾಗವನ್ನು ನೀವು ನಿಧಾನವಾಗಿ ಓದಬೇಕೆಂದು ನನ್ನ ವಿನಂತಿ. ಒಬ್ಬರು ಗಟ್ಟಿಯಾಗಿ ಓದಿ ನಾಲ್ವರು ಕೇಳಿದರೆ ಇನ್ನೂ ಒಳ್ಳೆಯದು.

ಸಮಿತಿ ಜಿಲ್ಲೆಯನ್ನು ಬಿಟ್ಟು ತಾಲ್ಲೂಕನ್ನು ಹಿಡಿಯಿತು. ಪ್ರತಿ ತಾಲ್ಲೂಕಿನಲ್ಲೂ 35 ಸಂಗತಿಗಳನ್ನು ನೋಡಿತು. ಬಿತ್ತಿದ ನೆಲದಲ್ಲಿ ನೀರಾವರಿ ಎಷ್ಟು ಪಾಲು? ಹೆಕ್ಟೇರಿಗೆ ಗೊಬ್ಬರ ಎಷ್ಟು? ಲಕ್ಷ ಜನರಿಗೆ ಟ್ರಾಕ್ಟರು ಎಷ್ಟು, ದನಕರು ಎಷ್ಟು? ಬೇಸಾಯಕ್ಕೆ ಬ್ಯಾಂಕುಗಳು ತಲೆಗೆ ಎಷ್ಟು ಸಾಲ ಕೊಟ್ಟಿವೆ? ಸಹಕಾರ ಸಂಘಗಳೆಷ್ಟು, ಮಾರುಕಟ್ಟೆ ಎಷ್ಟು ಹತ್ತಿರ? ಎಲ್ಲ ಕಾಲಕ್ಕೂ ಬಸ್ಸು ಹೋಗುವ ರಸ್ತೆ ಎಷ್ಟು ಹಳ್ಳಿಗಿದೆ, ರೈಲು ಹಳಿ ಎಷ್ಟು ಉದ್ದ? ಹತ್ತು ಸಾವಿರ ಜನರಿಗೆ ವೈದ್ಯರು ಎಷ್ಟು ಮಂದಿ, ಸರ್ಕಾರಿ ಆಸ್ಪತ್ರೆಯಲ್ಲಿ ಹಾಸಿಗೆ ಎಷ್ಟು? ಆರರಿಂದ ಹದಿನಾಲ್ಕು ವರ್ಷದ ಮಕ್ಕಳಲ್ಲಿ ಶಾಲೆಗೆ ಹೋಗದವರೆಷ್ಟು? ದಿನಕ್ಕೆ ತಲೆಗೆ 40 ಲೀಟರು ಕುಡಿಯುವ ನೀರು ಎಷ್ಟು ಜನವಸತಿಗಳಿಗೆ ಸಿಗುತ್ತದೆ? ದುಡಿಯುವವರಲ್ಲಿ ಸ್ವಂತ ನೆಲವಿಲ್ಲದ ಕೂಲಿಯವರು ಎಷ್ಟು ಪಾಲು? ಹೀಗೆ.

ಇನ್ನು ಅಂಕಿ ಹಾಕುವ ರೀತಿ. ಲೆಕ್ಕ ತಿಳಿಯಲೆಂದು ಒಂದು ಉದಾಹರಣೆ ಇಟ್ಟುಕೊಳ್ಳೋಣ. ರಾಜ್ಯದಲ್ಲಿ ಸರಾಸರಿ ಲಕ್ಷ ಜನರಿಗೆ ಹತ್ತು ಬ್ಯಾಂಕ್ ಶಾಖೆಗಳಿವೆ ಎನ್ನಿ. ನಿಮ್ಮ ತಾಲ್ಲೂಕಿನಲ್ಲಿ ಆರು ಇದ್ದರೆ ನಿಮ್ಮದು 0.6. ಹದಿನೈದು ಇದ್ದರೆ 1.5. ಶಾಲೆ ಬಿಟ್ಟ ಮಕ್ಕಳು, ಕೂಲಿಕಾರರ ಪಾಲು ಇಂಥವು ಕಡಿಮೆ ಇದ್ದಷ್ಟೂ ಒಳ್ಳೆಯದಾದ್ದರಿಂದ ಅಲ್ಲಿ ಲೆಕ್ಕ ತಿರುವುಮುರುವು. ಈ 35ಕ್ಕೂ ಸಂಖ್ಯಾಶಾಸ್ತ್ರದ ಪ್ರಕಾರ ಬೇರೆ ಬೇರೆ ತೂಕ ಕೊಟ್ಟು ಒಟ್ಟುಗೂಡಿಸಿದಾಗ ಒಂದು ಅಂಕಿ ಬರುತ್ತದೆ. ಇದನ್ನು ಸಮಗ್ರ ಸಂಯುಕ್ತ ಅಭಿವೃದ್ಧಿ ಸೂಚ್ಯಂಕ ಎಂದರು. ಹೆಸರು ಉದ್ದ, ವಿಷಯ ಸಣ್ಣದು: ರಾಜ್ಯದ ಸರಾಸರಿ 1. ನಿಮ್ಮದು 1 ಅಥವಾ ಅದಕ್ಕೂ ಮೇಲಿದ್ದರೆ ತಕ್ಕಮಟ್ಟಿಗೆ ಮುಂದುವರಿದ ತಾಲ್ಲೂಕು. 0.89ರಿಂದ 0.99ರವರೆಗೆ ಹಿಂದುಳಿದದ್ದು. 0.80ರಿಂದ 0.88ರವರೆಗೆ ಅತಿ ಹಿಂದುಳಿದದ್ದು. ಅದಕ್ಕೂ ಕೆಳಗೆ, 0.53ರವರೆಗೆ ಇಳಿದವು ಅತ್ಯಂತ ಹಿಂದುಳಿದವು.

ಹಳೆಯ ಲೆಕ್ಕದಲ್ಲಿ ಹೇಳುವುದಾದರೆ ರಾಜ್ಯದ ಸರಾಸರಿಯನ್ನು ಹದಿನಾರಾಣೆ ಎಂದಿಟ್ಟುಕೊಳ್ಳಿ. ಹದಿನಾಲ್ಕಾಣೆಗೂ ಹದಿನಾರಾಣೆಗೂ ನಡುವೆ ಹಿಂದುಳಿದ ತಾಲ್ಲೂಕುಗಳು. ಎಲ್ಲಕ್ಕಿಂತ ಕೆಳಗಿನದಕ್ಕೆ ಸಿಕ್ಕಿದ್ದು ಬರಿಯ ಎಂಟೂವರೆ ಆಣೆ.

ಯಾರ ಊಹೆಗೂ ಸರಿಹೊಂದದ ಪಟ್ಟಿ

175ರಲ್ಲಿ 114 ತಾಲ್ಲೂಕುಗಳು ಹಿಂದುಳಿದ ಮೂರು ಗುಂಪುಗಳಲ್ಲಿ ಬಂದವು. ಅತ್ಯಂತ ಹಿಂದುಳಿದವು 39, ಅತಿ ಹಿಂದುಳಿದವು 40, ಹಿಂದುಳಿದವು 35. ಉತ್ತರದ 59, ದಕ್ಷಿಣದ 55. ಹೀಗೆ ಬರಿಯ ಎಣಿಕೆ ನೋಡಿದರೆ ಎರಡು ಕಡೆಯೂ ಸಮ ಸಮ ಎಂದು ವಾದಿಸಬಹುದು, ವಾದಿಸಿದವರೂ ಇದ್ದಾರೆ. ಆದರೆ ಎಲ್ಲಕ್ಕಿಂತ ಕೆಳಗಿನ 39ನ್ನು ಬಿಡಿಸಿ ನೋಡಿ: 26 ಉತ್ತರದವು, 13 ದಕ್ಷಿಣದವು. ಆ 26ರಲ್ಲಿ 21 ಆಗಿನ ಗುಲ್ಬರ್ಗಾ ವಿಭಾಗ ಒಂದರಲ್ಲೇ. ಆ ವಿಭಾಗದಲ್ಲಿ ಆಗ ಇದ್ದದ್ದು 31 ತಾಲ್ಲೂಕು. ಅದರಲ್ಲಿ ಮೂರು ಮಾತ್ರ ಸರಾಸರಿಯನ್ನು ಮುಟ್ಟಿದ್ದವು. ಔರಾದ, ಆಳಂದ, ಚಿಂಚೋಳಿ, ಜೇವರ್ಗಿ, ಸುರಪುರ, ಯಾದಗಿರಿ, ದೇವದುರ್ಗ, ಕುಷ್ಟಗಿ, ಯಲಬುರ್ಗಾ ಎಲ್ಲವೂ ಕೊನೆಯ ಗುಂಪಿನಲ್ಲಿ.

ಇದು ಒಂದು ಬದಿ. ಇನ್ನೊಂದು ಬದಿ ಹೆಚ್ಚು ಜನರಿಗೆ ತಿಳಿದಿಲ್ಲ. ಅತ್ಯಂತ ಹಿಂದುಳಿದ ಪಟ್ಟಿಯಲ್ಲಿ ಮಾಗಡಿ ಇದೆ, ಕನಕಪುರ ಇದೆ. ಎರಡೂ ವಿಧಾನಸೌಧದಿಂದ ಅರವತ್ತು ಕಿಲೋಮೀಟರಿನ ಒಳಗೇ ಇರುವ ಊರುಗಳು. ಕುಣಿಗಲ್, ಗುಬ್ಬಿ, ಶಿರಾ, ಮಧುಗಿರಿ, ಪಾವಗಡ ಇವೆ. ಅಂದರೆ ತುಮಕೂರು ಜಿಲ್ಲೆ ಒಂದರಿಂದಲೇ ಐದು. ಬಾಗೇಪಲ್ಲಿ, ಹೊಸದುರ್ಗ, ಚನ್ನಗಿರಿ, ಚಾಮರಾಜನಗರ, ಎಚ್.ಡಿ. ಕೋಟೆ ಇವೆ. ಹರಪನಹಳ್ಳಿಯೂ ಇದೆ. ಅದು ಆಗ ದಾವಣಗೆರೆ ಜಿಲ್ಲೆಯಲ್ಲಿದ್ದುದರಿಂದ ದಕ್ಷಿಣದ ಲೆಕ್ಕಕ್ಕೆ ಬಿತ್ತು. ಈಗ ಅದು ವಿಜಯನಗರ ಜಿಲ್ಲೆಯಲ್ಲಿದೆ. ಗೆರೆ ಎಲ್ಲಿ ಎಳೆದರೂ ಹರಪನಹಳ್ಳಿಯ ನೆಲ ಅದೇ, ಮಳೆ ಅಷ್ಟೇ.

ಇನ್ನೂ ಒಂದು ಸಂಗತಿ ರೈತರು ಗಮನಿಸತಕ್ಕದ್ದು. ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಕುಡಿದು ಭತ್ತ ಬೆಳೆಯುವ ಸಿಂಧನೂರು, ಮಾನ್ವಿ ತಾಲ್ಲೂಕುಗಳೂ ಅದೇ ಕೊನೆಯ ಪಟ್ಟಿಯಲ್ಲಿವೆ. ಕೃಷ್ಣಾ ಮೇಲ್ದಂಡೆಯ ನೀರು ಬಂದ ಶಹಾಪುರವೂ ಇದೆ. ಕಬ್ಬಿಣದ ಅದಿರಿನ ಬೆಟ್ಟಗಳನ್ನೇ ಹೊತ್ತಿರುವ ಸಂಡೂರು ಇದೆ. ನೀರು ಬಂದರೆ ಎಲ್ಲವೂ ಬಂದಂತೆ ಎಂದು ನಾವು ಹೇಳುತ್ತಲೇ ಬಂದಿದ್ದೇವೆ. ಈ ಪುಟದಲ್ಲೂ ಅದನ್ನು ಬರೆದದ್ದುಂಟು. ಕಾಲುವೆಯ ಪಕ್ಕದಲ್ಲೇ ಶಾಲೆಗೆ ಹೋಗದ ಮಕ್ಕಳು, ವೈದ್ಯರಿಲ್ಲದ ಆಸ್ಪತ್ರೆ, ನೆಲವಿಲ್ಲದ ಕೂಲಿಯವರು ಉಳಿದಿದ್ದರು ಎಂಬುದನ್ನು ಈ ಅಂಕಿಗಳು ತೋರಿಸಿದವು. ನಂಜುಂಡಪ್ಪನವರ ಅಳತೆಗೋಲಿನ ದೊಡ್ಡ ಗುಣ ನನ್ನ ಪ್ರಕಾರ ಇದೇ. ಅದು ಯಾರ ಊಹೆಯನ್ನೂ ಪೂರ್ತಿಯಾಗಿ ಒಪ್ಪಲಿಲ್ಲ.

ಹಣದ ಲೆಕ್ಕ

ಅಳೆದು ಬಿಟ್ಟುಬಿಟ್ಟಿದ್ದರೆ ಆ ವರದಿಯೂ ಕಪಾಟು ಸೇರುತ್ತಿತ್ತು. ಸಮಿತಿ ಮುಂದೆ ಹೋಗಿ ಎಂಟು ವರ್ಷದ ಒಂದು ವಿಶೇಷ ಅಭಿವೃದ್ಧಿ ಯೋಜನೆಯನ್ನು ಹೇಳಿತು. ಒಟ್ಟು 31,000 ಕೋಟಿ ರೂಪಾಯಿ. ಇದರಲ್ಲಿ 15,000 ಕೋಟಿಯಷ್ಟು ಮಾಮೂಲು ಯೋಜನಾ ವೆಚ್ಚದಿಂದಲೇ ಬರಬೇಕು, 16,000 ಕೋಟಿ ಹೆಚ್ಚುವರಿಯಾಗಿ ಒದಗಿಸಬೇಕು. ಉತ್ತರಕ್ಕೆ ನೂರಕ್ಕೆ 60, ದಕ್ಷಿಣಕ್ಕೆ 40. ವಿಭಾಗವಾರು ಹೇಳುವುದಾದರೆ ಗುಲ್ಬರ್ಗಾಕ್ಕೆ 40, ಬೆಳಗಾವಿಗೆ 20, ಬೆಂಗಳೂರು ವಿಭಾಗಕ್ಕೆ 25, ಮೈಸೂರಿಗೆ 15.

ತಾಲ್ಲೂಕುಗಳ ನಡುವೆ ಹಂಚುವುದಕ್ಕೂ ಒಂದು ಉಪಾಯ ಮಾಡಿದರು. ಒಂದು ಎಂಬ ಸರಾಸರಿಗೆ ನಿಮ್ಮ ತಾಲ್ಲೂಕು ಎಷ್ಟು ಕಡಿಮೆ ಬಿದ್ದಿದೆಯೋ ಅದೇ ನಿಮ್ಮ ಕೊರತೆ. 0.53 ಬಂದಿದ್ದರೆ ಕೊರತೆ 0.47. 0.95 ಬಂದಿದ್ದರೆ 0.05. ಕೊರತೆಯ ತೂಕ ನೋಡಿ ಹಣ ಹಂಚಬೇಕು. ಇದರಲ್ಲಿ ಶಾಸಕರ ಪ್ರಭಾವಕ್ಕೆ ಜಾಗವಿಲ್ಲ, ಮಂತ್ರಿಗಳ ಊರು ಎಂಬ ಮಾತಿಗೂ ಇಲ್ಲ. ಕಾಗದದ ಮೇಲಂತೂ ಇಲ್ಲ.

ಹಣ ಬಿಟ್ಟು ಸಂಸ್ಥೆಗಳ ಮಾತನ್ನೂ ವರದಿ ಆಡಿತ್ತು. ರಾಯಚೂರಿಗೆ ಒಂದು ಐ.ಐ.ಟಿ. ಬರಬೇಕೆಂದು ಹೇಳಿತ್ತು. ಐ.ಐ.ಟಿ. ಬಂದದ್ದು 2016ರಲ್ಲಿ, ಧಾರವಾಡಕ್ಕೆ. 2019ರಲ್ಲಿ ರಾಯಚೂರಿನಲ್ಲಿ ಮಾಹಿತಿ ತಂತ್ರಜ್ಞಾನದ ಒಂದು ಕೇಂದ್ರ ಸಂಸ್ಥೆ ಆರಂಭವಾಯಿತು. ಧಾರವಾಡದವರಿಗೆ ಸಿಕ್ಕಿದ್ದು ತಪ್ಪೆಂದು ನಾನು ಹೇಳುವುದಿಲ್ಲ. ರಾಯಚೂರಿನವರು ಇವತ್ತಿಗೂ ಏಕೆ ಈ ಮಾತು ಎತ್ತುತ್ತಾರೆಂಬುದು ವರದಿ ಓದಿದವರಿಗೆ ಅರ್ಥವಾಗುತ್ತದೆ.

ಐದು ವರ್ಷದ ಕಾಯುವಿಕೆ

ವರದಿ ಬಂದ ಹೊತ್ತು ಒಳ್ಳೆಯದಿರಲಿಲ್ಲ. 2001ರಿಂದ ಮೂರು ವರ್ಷ ಒಂದರ ಹಿಂದೆ ಒಂದು ಬರ. ಸರ್ಕಾರದ ಹಣವೆಲ್ಲ ಕುಡಿಯುವ ನೀರು, ಮೇವು, ಪರಿಹಾರ ಕಾಮಗಾರಿಗಳ ಕಡೆ ಹರಿಯಿತು. 2004ರಲ್ಲಿ ಸರ್ಕಾರ ಬದಲಾಯಿತು, 2006ರಲ್ಲಿ ಮತ್ತೆ ಬದಲಾಯಿತು. ವಿಶೇಷ ಅಭಿವೃದ್ಧಿ ಯೋಜನೆ ಎಂಬ ಹೆಸರಿನಲ್ಲಿ ಬಜೆಟ್ಟಿನಲ್ಲಿ ಹಣ ಇಡಲು ತೊಡಗಿದ್ದು 2007-08ರಲ್ಲಿ. ವರದಿ ಕೈಸೇರಿ ಐದು ವರ್ಷಗಳಾಗಿದ್ದವು.

ನಂಜುಂಡಪ್ಪನವರು 2005ರಲ್ಲೇ ತೀರಿಕೊಂಡಿದ್ದರು. ತಮ್ಮ ವರದಿಯ ಹೆಸರಿನಲ್ಲಿ ಒಂದು ತಾಲ್ಲೂಕಿಗೆ ಒಂದು ರೂಪಾಯಿ ಹೋದದ್ದನ್ನೂ ಅವರು ನೋಡಲಿಲ್ಲ. ತೆಂಗು ನೆಟ್ಟವರಲ್ಲಿ ಹಲವರ ಪಾಡು ಇದೇ ಎಂದು ನೀವು ಹೇಳಬಹುದು. ತೆಂಗಾದರೂ ನೆಟ್ಟ ಜಾಗದಲ್ಲೇ ಬೆಳೆಯುತ್ತದೆ. ವರದಿ ಒಂದು ಕೈಯಿಂದ ಇನ್ನೊಂದು ಕೈಗೆ ದಾಟುತ್ತ ದಾಟುತ್ತ ಬೆಳೆಯಬೇಕು, ದಾಟುವಾಗಲೆಲ್ಲ ಒಂದಷ್ಟು ಉದುರುತ್ತದೆ.

ಎಲ್ಲಿ ಉದುರುತ್ತದೆ ಎಂಬುದನ್ನು ಬಿಡಿಸಿ ಹೇಳುತ್ತೇನೆ. ಬಜೆಟ್ಟಿನಲ್ಲಿ ನೂರು ರೂಪಾಯಿ ಎಂದು ಬರೆಯುತ್ತಾರೆ. ಇದು ಹಂಚಿಕೆ. ಅದರಲ್ಲಿ ವರ್ಷದ ಕಡೆಯ ಹೊತ್ತಿಗೆ ಇಲಾಖೆಗೆ ಬರುವುದು ಬಿಡುಗಡೆ. ಅದರಲ್ಲಿ ಕಾಮಗಾರಿಗೆ ಬಿಲ್ಲಾಗುವುದು ಖರ್ಚು. ಮೂರೂ ಬೇರೆ ಬೇರೆ ಅಂಕಿಗಳು. ಭಾಷಣದಲ್ಲಿ ಕೇಳಿಬರುವುದು ಮೊದಲನೆಯದು, ನಿಮ್ಮ ಊರಿಗೆ ಬರುವುದು ಮೂರನೆಯದು. ಹಣ ಫೆಬ್ರುವರಿ ಮಾರ್ಚಿನಲ್ಲಿ ಬಂದರೆ ಅದನ್ನು ಮಾರ್ಚ್ 31ರ ಒಳಗೆ ಮುಗಿಸಬೇಕೆಂಬ ಆತುರದಲ್ಲಿ ಬೇಕಾದ ಕೆಲಸ ಬಿಟ್ಟು ಬೇಗ ಮುಗಿಯುವ ಕೆಲಸ ಹಿಡಿಯುತ್ತಾರೆ. ಗಟಾರ ತೋಡುವುದು ಬೇಗ ಆಗುತ್ತದೆ, ಮೇಷ್ಟ್ರನ್ನು ನೇಮಿಸುವುದು ಆಗುವುದಿಲ್ಲ. ಇನ್ನೊಂದು ತಂತ್ರವೂ ಇದೆ. ಯಾವ ವರದಿ ಬರದಿದ್ದರೂ ಆ ತಾಲ್ಲೂಕಿಗೆ ಹೋಗಬೇಕಾಗಿದ್ದ ಮಾಮೂಲು ಹಣಕ್ಕೇ ವಿಶೇಷ ಎಂಬ ಮುದ್ರೆ ಒತ್ತಿ ತೋರಿಸುವುದು. ಹೆಚ್ಚುವರಿ 16,000 ಕೋಟಿ ಎಂದು ಸಮಿತಿ ಬೇರೆ ಮಾಡಿ ಹೇಳಿದ್ದು ಏಕೆಂಬುದು ಈಗ ನಿಮಗೆ ಹೊಳೆದಿರಬೇಕು. ಸರ್ಕಾರದ ಒಳಗೆ ವರ್ಷಗಟ್ಟಲೆ ಕುಳಿತವರಿಗೆ ಮಾತ್ರ ಬರುವ ಎಚ್ಚರ ಅದು.

ಆದರೂ ಅಳತೆಗೋಲು ಉಳಿಯಿತು. 2012ರ ಕೊನೆಗೆ ಸಂಸತ್ತು 371(ಜೆ) ವಿಧಿಯ ತಿದ್ದುಪಡಿಗೆ ಒಪ್ಪಿಗೆ ಕೊಟ್ಟು, 2013ರಲ್ಲಿ ಹೈದರಾಬಾದ್ ಕರ್ನಾಟಕಕ್ಕೆ ಹೊಸ ಅಭಿವೃದ್ಧಿ ಮಂಡಳಿ, ಶಿಕ್ಷಣ ಮತ್ತು ಉದ್ಯೋಗದಲ್ಲಿ ಮೀಸಲಾತಿ ಬಂದವು. 2019ರಲ್ಲಿ ಆ ಪ್ರದೇಶಕ್ಕೆ ಕಲ್ಯಾಣ ಕರ್ನಾಟಕ ಎಂದು ಹೆಸರಾಯಿತು. ಆ ಮಂಡಳಿಯ ಹಣವನ್ನು ತಾಲ್ಲೂಕುಗಳಿಗೆ ಹಂಚುವಾಗ ಆಧಾರವಾದದ್ದು ನಂಜುಂಡಪ್ಪನವರ ಸೂಚ್ಯಂಕವೇ.

ಕೋಲಿನಲ್ಲೂ ಕುಂದು ಇಲ್ಲದಿಲ್ಲ

ಹೊಗಳಿಕೆಯಷ್ಟೇ ಬರೆದು ಬಿಟ್ಟರೆ ನ್ಯಾಯವಾಗುವುದಿಲ್ಲ. ಟ್ರಾಕ್ಟರು ಹೆಚ್ಚಿದ್ದಷ್ಟೂ ಮುಂದುವರಿದ ತಾಲ್ಲೂಕು ಎಂಬುದನ್ನು ಬೇಸಾಯ ಮಾಡುವ ನೀವು ಪೂರ್ತಿ ಒಪ್ಪುವಿರಾ? ಸಾಲ ಮಾಡಿ ತಂದ ಟ್ರಾಕ್ಟರು ಬ್ಯಾಂಕಿನವರ ಕೈಗೆ ಹೋದ ಕಥೆ ಎಷ್ಟು ಊರಿನಲ್ಲಿಲ್ಲ! ಹೆಕ್ಟೇರಿಗೆ ಗೊಬ್ಬರ ಎಷ್ಟು ಸುರಿದರೆಂಬುದೂ ಹಾಗೆಯೇ. ನೆಲ ಉಪ್ಪಾಗುವಷ್ಟು ನೀರು ಗೊಬ್ಬರ ಹಾಕುವವನಿಗೆ ಹೆಚ್ಚು ಅಂಕ, ಮಳೆ ನಂಬಿ ಜೋಳ ಕಡಲೆ ಬೆಳೆಯುವವನಿಗೆ ಕಡಿಮೆ. ಅಂಕಿ ಸಿಗುವ ಸಂಗತಿಗಳನ್ನು ಮಾತ್ರ ಅರ್ಥಶಾಸ್ತ್ರಜ್ಞ ಅಳೆಯಬಲ್ಲ ಎಂಬುದು ಅವರ ಪರವಾಗಿ ಹೇಳಬಹುದಾದ ಮಾತು. ಅದನ್ನು ಒಪ್ಪಿಯೇ ನಾನು ಈ ಕುಂದನ್ನು ಹೇಳುತ್ತಿದ್ದೇನೆ.

ಎರಡನೆಯದು, ಜಿಲ್ಲೆಯ ಸರಾಸರಿ ತಾಲ್ಲೂಕನ್ನು ಮರೆಮಾಡಿದಂತೆ ತಾಲ್ಲೂಕಿನ ಸರಾಸರಿ ಹಳ್ಳಿಯನ್ನು ಮರೆಮಾಡುತ್ತದೆ. ಪಾವಗಡ ತಾಲ್ಲೂಕನ್ನೇ ನೋಡಿ. ಅಲ್ಲಿ ಸುಮಾರು 13,000 ಎಕರೆಯಲ್ಲಿ 2,050 ಮೆಗಾವಾಟಿನ ಸೌರ ವಿದ್ಯುತ್ ಪಾರ್ಕು 2019ರ ಕೊನೆಗೆ ಪೂರ್ಣವಾಯಿತು. ನೆಲ ಕೊಟ್ಟ ರೈತರಿಗೆ ಎಕರೆಗೆ ವರ್ಷಕ್ಕೆ 21,000 ರೂಪಾಯಿ ಗುತ್ತಿಗೆ ಎಂದು ಕರಾರಾಯಿತು. ಮಳೆಯಿಲ್ಲದ ಸೀಮೆಯಲ್ಲಿ ಅದು ಸಣ್ಣ ಮೊತ್ತವಲ್ಲ. ಆದರೆ ಆ ಹೊಲಗಳಲ್ಲಿ ಕಳೆ ತೆಗೆದು, ಶೇಂಗಾ ಕಿತ್ತು ಕೂಲಿ ಪಡೆಯುತ್ತಿದ್ದವರಿಗೆ ಗುತ್ತಿಗೆ ಹಣ ಬರುವುದಿಲ್ಲ. ತಾಲ್ಲೂಕಿನ ಅಂಕಿ ಏರುವಾಗ ಇಂಥ ಮನೆಗಳು ಕಾಣುವುದಿಲ್ಲ.

ಮೂರನೆಯದು ನಂಜುಂಡಪ್ಪನವರ ತಪ್ಪಲ್ಲ, ನಮ್ಮದು. 2002ರಲ್ಲಿ ಹಾಕಿದ ಆಣೆವಾರಿಯನ್ನೇ ಇಪ್ಪತ್ತು ವರ್ಷ ಇಟ್ಟುಕೊಂಡು ಹಣ ಹಂಚಿದೆವು. ಅವರೇ ಹೇಳಿದ್ದ ಯೋಜನೆಯ ಅವಧಿ ಎಂಟು ವರ್ಷ. ಈ ನಡುವೆ ಯಾದಗಿರಿ, ವಿಜಯನಗರ ಹೊಸ ಜಿಲ್ಲೆಗಳಾದವು, ದೊಡ್ಡ ತಾಲ್ಲೂಕುಗಳನ್ನು ಒಡೆದು ಹೊಸ ತಾಲ್ಲೂಕುಗಳನ್ನು ಮಾಡಿದರು. ಹೊಸ ತಾಲ್ಲೂಕಿಗೆ ತನ್ನದೇ ಅಂಕಿ ಇಲ್ಲ. ತಾಯಿ ತಾಲ್ಲೂಕಿನದನ್ನೇ ಹೊತ್ತು ನಡೆಯಬೇಕು. ಟೆಲಿಫೋನು ಎಷ್ಟಿವೆ ಎಂದು ಆಗ ಎಣಿಸಿದ್ದರು. ಈಗ ದನ ಕಾಯುವ ಹುಡುಗನ ಜೇಬಿನಲ್ಲೂ ಮೊಬೈಲಿದೆ.

2024ರಲ್ಲಿ ರಾಜ್ಯ ಸರ್ಕಾರ ಮತ್ತೊಬ್ಬ ಅರ್ಥಶಾಸ್ತ್ರಜ್ಞರ ಕೈಗೆ ಈ ಕೆಲಸ ಒಪ್ಪಿಸಿತು. ಪ್ರೊ. ಎಂ. ಗೋವಿಂದ ರಾವ್ ಅವರು ಹದಿನಾಲ್ಕನೆಯ ಹಣಕಾಸು ಆಯೋಗದ ಸದಸ್ಯರಾಗಿದ್ದವರು, ಬೆಂಗಳೂರಿನ ಸಾಮಾಜಿಕ ಮತ್ತು ಆರ್ಥಿಕ ಬದಲಾವಣೆಯ ಸಂಸ್ಥೆಯ ನಿರ್ದೇಶಕರಾಗಿದ್ದವರು. ಕೇಂದ್ರದಿಂದ ರಾಜ್ಯಗಳಿಗೆ ಹಣ ಹೇಗೆ ಹಂಚಬೇಕೆಂಬುದೇ ಅವರ ಜೀವಮಾನದ ಅಧ್ಯಯನ. ತಾಲ್ಲೂಕುಗಳನ್ನು ಹೊಸದಾಗಿ ಅಳೆಯುವ ಹೊಣೆ ಅವರ ಸಮಿತಿಗೆ ಬಂತು.

ನೀವು ಕೇಳಬಹುದಾದ ಲೆಕ್ಕ

ವಾಚನಾಲಯದ ಆ ಹಿರಿಯರಿಗೆ ನಾನು ಇದನ್ನೆಲ್ಲ ಹೇಳಿದಾಗ ಅವರು ಸುಮ್ಮನೆ ಕೇಳಿ ಕಡೆಗೆ ಅಂದರು: “ಹಂಗಾರ ನಮ್ಮ ತಾಲೂಕಿಗಿ ಎಷ್ಟ್ ಬಂತ್ರಿ?” ಅವರ ತಾಲ್ಲೂಕು ಇಂಡಿ. ಅದೂ ಅತ್ಯಂತ ಹಿಂದುಳಿದ 39ರಲ್ಲಿ ಒಂದು. ನನ್ನ ಹತ್ತಿರ ಉತ್ತರವಿರಲಿಲ್ಲ. ಉತ್ತರ ಇರುವುದು ಕಚೇರಿಯ ಕಡತದಲ್ಲಿ, ಅದನ್ನು ಕೇಳಿ ಪಡೆಯುವ ದಾರಿ ಈಗ ಇದೆ.

ಮಾಹಿತಿ ಹಕ್ಕಿನ ಕಾಯಿದೆ 2005ರಲ್ಲಿ ಬಂತು, ಕಾಕತಾಳೀಯವಾಗಿ ನಂಜುಂಡಪ್ಪನವರು ತೀರಿಕೊಂಡ ವರ್ಷವೇ. ಅರ್ಜಿಗೆ ಹತ್ತು ರೂಪಾಯಿ ಶುಲ್ಕ, ಬಡತನದ ರೇಖೆಗಿಂತ ಕೆಳಗಿರುವವರಿಗೆ ಅದೂ ಇಲ್ಲ. ನಮ್ಮ ರಾಜ್ಯದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ ಇರಬೇಕು, 150 ಪದ ಮೀರಬಾರದು. ಆದ್ದರಿಂದ ಊರ ಕಷ್ಟವನ್ನೆಲ್ಲ ಅದರಲ್ಲಿ ತುಂಬಬೇಡಿ. ವಿಶೇಷ ಅಭಿವೃದ್ಧಿ ಯೋಜನೆಯಡಿ ನಮ್ಮ ತಾಲ್ಲೂಕಿಗೆ ಇಂಥ ವರ್ಷದಲ್ಲಿ ಹಂಚಿಕೆ ಎಷ್ಟು, ಬಿಡುಗಡೆ ಎಷ್ಟು, ಖರ್ಚು ಎಷ್ಟು, ಯಾವ ಯಾವ ಕಾಮಗಾರಿಗೆ ಎಂದಷ್ಟೇ ಬರೆಯಿರಿ. ಯಾವ ಇಲಾಖೆಯ ಹಣದ ಲೆಕ್ಕ ಬೇಕೋ ಆ ಇಲಾಖೆಯ ಮಾಹಿತಿ ಅಧಿಕಾರಿಗೆ ಕೊಡಿ. ಒಟ್ಟು ಲೆಕ್ಕ ಬೇಕಾದರೆ ಬೆಂಗಳೂರಿನ ಯೋಜನಾ ಇಲಾಖೆಗೆ ಕಳಿಸಿ. ತಪ್ಪು ಕಚೇರಿಗೆ ಕೊಟ್ಟರೂ ಅವರು ಐದು ದಿನದಲ್ಲಿ ಸರಿಯಾದ ಕಚೇರಿಗೆ ದಾಟಿಸತಕ್ಕದ್ದು. ಮೂವತ್ತು ದಿನದಲ್ಲಿ ಉತ್ತರ ಬರಬೇಕು. ಬರದಿದ್ದರೆ ಅದೇ ಕಚೇರಿಯ ಮೇಲಧಿಕಾರಿಗೆ ಮೇಲ್ಮನವಿ ಹಾಕಬಹುದು. ಅರ್ಜಿಯ ಒಂದು ಪ್ರತಿಯನ್ನು ದಿನಾಂಕದ ಮುದ್ರೆ ಹಾಕಿಸಿ ಇಟ್ಟುಕೊಳ್ಳುವುದನ್ನು ಮರೆಯಬೇಡಿ.

ಉತ್ತರ ಬಂದ ಮೇಲೆ ಮೂರು ಅಂಕಿಗಳನ್ನು ಪಕ್ಕ ಪಕ್ಕದಲ್ಲಿ ದೊಡ್ಡದಾಗಿ ಬರೆದು ವಾಚನಾಲಯದ ಗೋಡೆಗೆ ಅಂಟಿಸಿ. ಮುಂದಿನ ಗ್ರಾಮಸಭೆಗೆ ಹೋಗುವಾಗ ಅದರ ನಕಲನ್ನು ಜೇಬಿನಲ್ಲಿಟ್ಟುಕೊಂಡು ಹೋಗಿ.